ಹಳೆಯ ಅದಿರಿನ ದಾರಿಗಳು ನಡಿಗೆದಾರಿಗಳಾದ ಬಗೆ

ಮುಚ್ಚಿದ ಗಣಿ ಪ್ರದೇಶದಲ್ಲಿ ವಿಹಾರದ ದಾರಿ ನಿರ್ಮಿಸುವ ಪ್ರಸ್ತಾಪ ಸಭೆಯ ಮುಂದೆ ಬಂದಲ್ಲಿ, ಇಂಗ್ಲೆಂಡಿನ ಕಾರ್ನ್‌ವಾಲ್ ಪ್ರಾಂತ್ಯದ ಅನುಭವವನ್ನು ಮಾನ್ಯ ಸದಸ್ಯರು ಅರಿತಿರುವುದು ಉಪಯುಕ್ತ. ಆ ಪ್ರಾಂತ್ಯಕ್ಕೂ ನಮ್ಮ ಕೋಲಾರದ ಚಿನ್ನದ ಗಣಿಗೂ ಹಳೆಯ ನಂಟಿದೆ. 1880ರಿಂದ ಕೋಲಾರದ ಗಣಿಗಳನ್ನು ನಿರ್ವಹಿಸಿದ ಜಾನ್ ಟೇಲರ್ ಅಂಡ್ ಸನ್ಸ್ ಸಂಸ್ಥೆಯ ಮೂಲಪುರುಷ ಜಾನ್ ಟೇಲರ್, ಕಾರ್ನ್‌ವಾಲಿನ ತಾಮ್ರದ ಗಣಿಗಳಲ್ಲಿ ಹೆಸರು ಮಾಡಿದವರು. ಅಲ್ಲಿಯ ಗಣಿಗಾರರೂ ಕೋಲಾರಕ್ಕೆ ಬಂದು ದುಡಿದಿದ್ದಾರೆ.

ಕಾರ್ನ್‌ವಾಲಿನ ಪೋರ್ಟ್‌ರೀತ್ ಬಂದರಿನಿಂದ ಡೆವೊರಾನ್‌ವರೆಗೆ, ಒಂದು ಕಡಲತೀರದಿಂದ ಇನ್ನೊಂದಕ್ಕೆ, ಸುಮಾರು 18 ಕಿ.ಮೀ. ಉದ್ದದ ದಾರಿಯಿದೆ. ಪಾದಚಾರಿಗಳೂ ಸೈಕಲ್ ಸವಾರರೂ ಅದನ್ನು ಬಳಸುತ್ತಾರೆ. ಇದರ ಬಹುಭಾಗ ಹೊಸದಾಗಿ ಕಡಿದ ದಾರಿಯಲ್ಲ. ಉತ್ತರದ ಭಾಗವು 1809ರಲ್ಲಿ ಆರಂಭಗೊಂಡ ಅದಿರು ಸಾಗಣೆಯ ಹಳಿಯ ಜಾಡನ್ನೂ, ದಕ್ಷಿಣದ ಭಾಗವು 1820ರ ದಶಕದಲ್ಲಿ ಇದೇ ಟೇಲರ್ ಮುಂದೆ ನಿಂತು ಹಾಕಿಸಿದ ರೈಲುಹಳಿಯ ಜಾಡನ್ನೂ ಅನುಸರಿಸುತ್ತವೆ. ಆರಂಭದಲ್ಲಿ ಅದಿರಿನ ಬಂಡಿಗಳನ್ನು ಎಳೆಯುತ್ತಿದ್ದವು ಕುದುರೆಗಳು. ಆದ್ದರಿಂದ ಕಡಿದಾದ ಏರು ಬಾರದಂತೆ ಜಾಡನ್ನು ಆಯ್ದಿದ್ದರು. ಎಂಜಿನಿಯರಿಂಗ್ ಓದಿದವನ ಕಣ್ಣಿಗೆ ನಿಜವಾದ ಆಸ್ತಿ ಇದೇ: ಮಣ್ಣು ಅಗೆದು ಮಟ್ಟಮಾಡುವ ವೆಚ್ಚ ಇನ್ನೂರು ವರ್ಷಗಳ ಹಿಂದೆಯೇ ಸಂದಾಯವಾಗಿದೆ. 2006ರಲ್ಲಿ ಈ ಗಣಿ ಸೀಮೆಗೆ ಯುನೆಸ್ಕೋ ವಿಶ್ವ ಪರಂಪರೆಯ ಮಾನ್ಯತೆಯೂ ದೊರೆಯಿತು.

ಆದರೆ ದಾರಿಗಿಂತ ಕಷ್ಟದ ಕೆಲಸ ಅದರ ಇಕ್ಕೆಲಗಳದ್ದು. ಗಣಿಬಾವಿಗಳ ಬಾಯಿಯನ್ನು ಕೆಲವೆಡೆ ಕಾಂಕ್ರೀಟಿನಿಂದ ಮುಚ್ಚಿದ್ದಾರೆ. ಕೆಲವೆಡೆ ಬಾವಲಿಗಳು ಹಾರಾಡಲೆಂದು ಶಂಕುವಿನಾಕಾರದ ಉಕ್ಕಿನ ಜಾಲರಿ ಇಟ್ಟಿದ್ದಾರೆ. ಅಲ್ಲಿಯ ಅದಿರಿನಲ್ಲಿ ಆರ್ಸೆನಿಕ್ ಇದ್ದುದರಿಂದ ಹಳೆಯ ತ್ಯಾಜ್ಯರಾಶಿಗಳ ಮಣ್ಣು ಇಂದಿಗೂ ವಿಷಯುಕ್ತ. ಕೆಲವು ಜಾಗಗಳಲ್ಲಿ ಹುಲ್ಲೂ ಸರಿಯಾಗಿ ಬೆಳೆಯದು.

ಕೋಲಾರದಲ್ಲಿ ಗಣಿ ಮುಚ್ಚಿದ್ದು 2001ರ ಫೆಬ್ರವರಿ 28ರಂದು. ಚಿನ್ನ ಬೇರ್ಪಡಿಸಲು ಸಯನೈಡ್ ಬಳಸಿದ ನಂತರ ಉಳಿದ ನುಣ್ಣನೆಯ ಪುಡಿಯೇ ಇಂದಿನ ಬಿಳಿ ದಿಬ್ಬಗಳು. ಸಿನಿಮಾದಲ್ಲಿ ಅವು ಸುಂದರವಾಗಿ ಕಂಡರೂ, ಗಾಳಿ ಬೀಸಿದಾಗ ಆ ಧೂಳು ಸೇರುವುದು ಸುತ್ತಲಿನ ಮನೆಗಳನ್ನು. ಅಲ್ಲಿ ವಿಹಾರಿ ಒಂದು ತಾಸು ಇರುತ್ತಾನೆ, ನಿವಾಸಿ ಜೀವಮಾನವೆಲ್ಲ.

ಆದಕಾರಣ ಇಂತಹ ಪ್ರಸ್ತಾಪದಲ್ಲಿ ಮೊದಲ ಠರಾವು ಬೆಂಚು, ಕಮಾನು, ನಾಮಫಲಕಗಳದ್ದಾಗಬಾರದು. ಜಮೀನಿನ ಒಡೆತನ ಯಾರದೆಂದು ಪರಿಶೀಲಿಸಿ, ಗಣಿಬಾವಿಗಳ ಸರ್ವೆ ಹಾಗೂ ಮಣ್ಣು, ನೀರಿನ ಪರೀಕ್ಷೆಯನ್ನು ಕೋರುವುದೇ ಮೊದಲ ಠರಾವಾಗಲಿ. ಸರ್ವೆಯವರು ಬಂದಾಗ ಊರಿನ ನಿವೃತ್ತ ಗಣಿ ಕಾರ್ಮಿಕರನ್ನು ಜೊತೆಗೆ ಕಳುಹಿಸತಕ್ಕದ್ದು. ನಕ್ಷೆಯಲ್ಲಿಲ್ಲದ ಬಾವಿಗಳನ್ನು ತೋರಿಸಬಲ್ಲವರು ಅವರೇ.