ಬೊಜ್ಜು ಬರುವುದು ಬಿಸಿಯೂಟದ ಮೊಟ್ಟೆಯಿಂದಲ್ಲ

"ಬೊಜ್ಜು ಉಳ್ಳವರ ಮಕ್ಕಳ ಕಾಯಿಲೆ. ಬಿಸಿಯೂಟ ಉಣ್ಣುವ ಮಕ್ಕಳಿಗೆ ಅದರ ಗೊಡವೆ ಏಕೆ?" ಶಾಲೆಯಲ್ಲಿ ಬೊಜ್ಜು ತಡೆಯುವ ಮಾತೆತ್ತಿದರೆ ಮೊದಲು ಕೇಳಿಬರುವುದು ಇದೇ. ಅಪೌಷ್ಟಿಕತೆ ನಮ್ಮ ಮಕ್ಕಳನ್ನು ಇನ್ನೂ ಬಿಟ್ಟಿಲ್ಲ, ನಿಜ. ಆದರೆ ಅದರ ಬೆನ್ನಿಗೇ ಇನ್ನೊಂದು ಬರುತ್ತಿದೆ. ರಾಷ್ಟ್ರೀಯ ಕುಟುಂಬ ಆರೋಗ್ಯ ಸಮೀಕ್ಷೆಯ ಪ್ರಕಾರ, ಐದು ವರ್ಷದೊಳಗಿನ ಮಕ್ಕಳಲ್ಲಿ ಅತಿತೂಕದವರು 2015–16ರಲ್ಲಿ ಶೇ 2.1 ಇದ್ದರು, 2019–21ರಲ್ಲಿ ಶೇ 3.4 ಆದರು. 5ರಿಂದ 19 ವರ್ಷದವರಲ್ಲಿ ಬೊಜ್ಜಿರುವವರ ಪ್ರಮಾಣ (ಶೇ 9.4) ಕಡಿಮೆ ತೂಕದವರದನ್ನು (ಶೇ 9.2) ಜಗತ್ತಿನಲ್ಲಿ ಮೊದಲ ಬಾರಿಗೆ ಮೀರಿದೆ ಎಂದು ಯುನಿಸೆಫ್ 2025ರಲ್ಲಿ ವರದಿ ಮಾಡಿತು. ದಕ್ಷಿಣ ಏಷ್ಯಾ ಇನ್ನೂ ಆ ಗೆರೆ ದಾಟಿಲ್ಲ. ತಡೆಯಲು ನಮಗೆ ಸಮಯವಿದೆ ಎಂದೇ ಇದರ ಅರ್ಥ. ಹಣ್ಣಿನ ಅಂಗಡಿಯೇ ಇಲ್ಲದ ಊರಲ್ಲೂ ಐದು ರೂಪಾಯಿಯ ಚಿಪ್ಸ್ ಪೊಟ್ಟಣ ಗೂಡಂಗಡಿಯ ಮುಂದೆ ತೂಗಾಡುತ್ತದೆ. ಕೊಳ್ಳಲು ಸಿರಿವಂತರ ಮಗುವೇ ಆಗಿರಬೇಕಿಲ್ಲ.

ಇದಕ್ಕಿಂತ ಹೆಚ್ಚು ಹಾನಿ ಮಾಡುವ ನಂಬಿಕೆ ಇನ್ನೊಂದಿದೆ: ದಿನಾ ಮೊಟ್ಟೆ, ಹಾಲು ಕೊಟ್ಟು ಶಾಲೆಯೇ ಮಕ್ಕಳನ್ನು ದಪ್ಪ ಮಾಡುತ್ತಿದೆ ಎಂಬುದು. 2022ರಲ್ಲಿ ರಾಷ್ಟ್ರೀಯ ಶಿಕ್ಷಣ ನೀತಿಗಾಗಿ ಕರ್ನಾಟಕದಲ್ಲಿ ಸಿದ್ಧವಾದ ನಿಲುವು ಪತ್ರವೊಂದು ಕೂಡ, ನಿತ್ಯ ಮೊಟ್ಟೆ ತಿನ್ನುವುದು ಜೀವನಶೈಲಿಯ ಕಾಯಿಲೆಗಳಿಗೆ ದಾರಿ ಎಂಬ ಅರ್ಥದ ಮಾತಾಡಿತ್ತು. ಆಹಾರದ ಹಕ್ಕಿಗಾಗಿ ದುಡಿಯುವವರೂ ವೈದ್ಯರೂ ಅದನ್ನು ವಿರೋಧಿಸಿದರು, ವಿರೋಧಿಸಿದ್ದು ಸರಿಯೇ. ಒಂದು ಮೊಟ್ಟೆಯಲ್ಲಿರುವುದು ಸುಮಾರು 70 ಕ್ಯಾಲೊರಿ, 6 ಗ್ರಾಂ ಪ್ರೋಟೀನ್. 50 ಗ್ರಾಂ ಚಿಪ್ಸ್‌ನಲ್ಲಿ ಕ್ಯಾಲೊರಿ ಅದರ ಮೂರು ಪಟ್ಟಿಗೂ ಹೆಚ್ಚು, ಪ್ರೋಟೀನ್ ಹೆಚ್ಚುಕಡಿಮೆ ಅರ್ಧ. 300 ಮಿ.ಲೀ. ಕೋಲಾದಲ್ಲಿ 30 ಗ್ರಾಂ ಮೀರಿದ ಸಕ್ಕರೆ ಇರುತ್ತದೆ, ಹೊಟ್ಟೆ ತುಂಬಿದ ಭಾವವೂ ಬರುವುದಿಲ್ಲ. ಮೊಟ್ಟೆ ಕೊಟ್ಟ ಯಾದಗಿರಿಯ ಮಕ್ಕಳನ್ನು ಕೊಡದ ಗದಗದ ಮಕ್ಕಳೊಂದಿಗೆ ಹೋಲಿಸಿದ ಅಧ್ಯಯನದಲ್ಲಿ ಯಾದಗಿರಿಯವರ ತೂಕ ಹೆಚ್ಚು ಏರಿದ್ದು ಕಂಡುಬಂತು. ಏರಬೇಕಾದದ್ದೇ! ಸೊರಗಿದ ಮಗು ಮೈತುಂಬಿಕೊಳ್ಳುವುದು ಬೆಳವಣಿಗೆ, ಅದಕ್ಕೆ ಬೊಜ್ಜೆಂಬ ಹೆಸರಿಡಬಾರದು. ಬೊಜ್ಜನ್ನು ಬರೀ ತೂಕ ನೋಡಿ ಹೇಳಲಾಗದು. ವಯಸ್ಸು, ಎತ್ತರ, ಹೆಣ್ಣೋ ಗಂಡೋ ಎಂಬುದನ್ನೆಲ್ಲ ಸೇರಿಸಿ ಬೆಳವಣಿಗೆಯ ಪಟ್ಟಿಯಲ್ಲಿ ಅಳೆಯಬೇಕು. ಬೊಜ್ಜಿನ ಹೆಸರು ಹೇಳಿ ಮಗುವಿನ ತಟ್ಟೆಯಿಂದ ಮೊಟ್ಟೆ ತೆಗೆಯುವುದು ಅನ್ಯಾಯ.

ಇನ್ನು, "ಪಿ.ಟಿ. ಪಿರಿಯಡ್ ಹೆಚ್ಚಿಸಿ, ವರ್ಷಕ್ಕೊಂದು ಜಾಗೃತಿ ಭಾಷಣ ಮಾಡಿಸಿದರೆ ಸಾಕು" ಎನ್ನುವವರಿಗೆ ಇಂಗ್ಲೆಂಡಿನ ವೆಸ್ಟ್ ಮಿಡ್‌ಲ್ಯಾಂಡ್ಸ್‌ನಲ್ಲಿ ನಡೆದ ಪ್ರಯೋಗವನ್ನು ತೋರಿಸಬೇಕು. 54 ಪ್ರಾಥಮಿಕ ಶಾಲೆಗಳನ್ನು ಆಯ್ದು, ಕೆಲವು ಶಾಲೆಗಳಲ್ಲಿ ದಿನಕ್ಕೆ 30 ನಿಮಿಷ ಹೆಚ್ಚು ಆಟ, ಹೆತ್ತವರಿಗೆ ಅಡುಗೆ ತರಬೇತಿ, ಊಟದ ಪಾಠ ಎಲ್ಲವನ್ನೂ ವರ್ಷಪೂರ್ತಿ ನಡೆಸಿದರು. 2018ರಲ್ಲಿ ಫಲಿತಾಂಶ ಬಂದಾಗ ಉಳಿದ ಶಾಲೆಗಳ ಮಕ್ಕಳಿಗೂ ಇವರಿಗೂ ತೂಕದಲ್ಲಿ ಹೇಳಿಕೊಳ್ಳುವಂಥ ವ್ಯತ್ಯಾಸ ಕಾಣಲಿಲ್ಲ. ಹಾಗೆಂದು ಆಟ ಬೇಡವೇ? ಖಂಡಿತ ಬೇಕು. 5ರಿಂದ 17 ವರ್ಷದವರು ದಿನಕ್ಕೆ ಸರಾಸರಿ 60 ನಿಮಿಷ ಮೈ ಬಗ್ಗಿಸಿ ಆಡಬೇಕೆಂದು ವಿಶ್ವ ಆರೋಗ್ಯ ಸಂಸ್ಥೆ ಹೇಳುತ್ತದೆ. ಮೂಳೆಗೂ ಹೃದಯಕ್ಕೂ ಮನಸ್ಸಿಗೂ ಅದರಿಂದ ಒಳಿತಿದೆ. ಆದರೆ ಒಳಗೆ ಪಾಠ ಕೇಳಿದ ಮಗು ಗೇಟು ದಾಟಿದ ಕೂಡಲೇ ಎದುರಾಗುವುದೇನು ಎಂಬುದನ್ನು ಬಿಟ್ಟು ಬರೀ ಪಿರಿಯಡ್ ಹೆಚ್ಚಿಸಿದರೆ ತೂಕದ ಮಾತು ಅಲ್ಲೇ ನಿಲ್ಲುತ್ತದೆ.

ಆಮ್‌ಸ್ಟರ್‌ಡ್ಯಾಮ್ ನಗರ ಹಿಡಿದ ದಾರಿ ಬೇರೆ. ಅಲ್ಲಿ ಶಾಲೆ, ಆಸ್ಪತ್ರೆ, ನಗರಾಡಳಿತ, ಬಡವರ ಬಡಾವಣೆಗಳು ಒಟ್ಟಿಗೆ ಕೈಜೋಡಿಸಿದವು. ಶಾಲೆಗೆ ಸಿಹಿ ಪಾನೀಯದ ಬದಲು ನೀರು ಬಂತು. 2012ರಲ್ಲಿ ಶೇ 21ರಷ್ಟಿದ್ದ ಅತಿತೂಕದ ಮಕ್ಕಳು 2015ರಲ್ಲಿ ಶೇ 18.5ಕ್ಕೆ ಇಳಿದರು. ಹೋಲಿಸಲು ಇನ್ನೊಂದು ನಗರವನ್ನು ಇಟ್ಟುಕೊಂಡಿರಲಿಲ್ಲವಾದ್ದರಿಂದ ಪೂರ್ತಿ ಶ್ರೇಯ ಯೋಜನೆಗೇ ಸಲ್ಲುತ್ತದೆ ಎನ್ನಲಾಗದು. ಆದರೂ ಅದರ ದಿಕ್ಕು ಸರಿ. ನಮ್ಮಲ್ಲೂ ಇದಕ್ಕೆ ಕಾನೂನಿನ ಬಲವಿದೆ: ಕೊಬ್ಬು, ಉಪ್ಪು, ಸಕ್ಕರೆ ಹೆಚ್ಚಿರುವ ತಿನಿಸನ್ನು ಶಾಲೆಯ ಒಳಗೂ ಗೇಟಿನಿಂದ 50 ಮೀಟರ್ ಸುತ್ತಲೂ ಮಾರುವಂತಿಲ್ಲ ಎಂದು ಕೇಂದ್ರದ ಆಹಾರ ಸುರಕ್ಷತಾ ಪ್ರಾಧಿಕಾರ (ಎಫ್‌ಎಸ್‌ಎಸ್‌ಎಐ) 2020ರಲ್ಲೇ ನಿಯಮ ಮಾಡಿದೆ. 2025ರಲ್ಲಿ ಸಿಬಿಎಸ್‌ಇ ತನ್ನ ಶಾಲೆಗಳಲ್ಲಿ ಸಕ್ಕರೆಯ ಪ್ರಮಾಣ ತೋರಿಸುವ ಫಲಕ ಹಾಕಲು ಹೇಳಿತು. ಫಲಕ ಒಳ್ಳೆಯದು, ಆದರೆ ನನಗೆ ಹೆಚ್ಚು ಮುಖ್ಯವಾಗಿ ಕಾಣುವುದು ಆ 50 ಮೀಟರ್. ಶಾಲಾಭಿವೃದ್ಧಿ ಸಮಿತಿಯ (ಎಸ್‌ಡಿಎಂಸಿ) ಸಭೆಯಲ್ಲಿ ಹೆತ್ತವರು ಕೇಳಬೇಕಾದ ಪ್ರಶ್ನೆ ಅದು.

"ಬೆಳೆದ ಹಾಗೆ ತಾನಾಗಿ ಇಳಿಯುತ್ತೆ ಬಿಡಿ" ಎಂಬ ಅಜ್ಜಿಯ ಸಮಾಧಾನ ಕೆಲವು ಪುಟ್ಟ ಮಕ್ಕಳ ಮಟ್ಟಿಗೆ ನಿಜವಾಗಬಹುದು. ಹದಿಹರೆಯದಲ್ಲಿ ಬೊಜ್ಜಿರುವವರಲ್ಲಿ ಮಾತ್ರ ಹತ್ತಕ್ಕೆ ಸುಮಾರು ಎಂಟು ಮಂದಿಗೆ ಅದು ದೊಡ್ಡವರಾದ ಮೇಲೂ ಉಳಿಯುತ್ತದೆ.

ಹೀಯಾಳಿಸಿದರೆ ಮಗು ತಾನೇ ತಿನ್ನುವುದು ಬಿಡುತ್ತದೆ ಎಂಬುದಂತೂ ಶುದ್ಧ ಸುಳ್ಳು. 'ಡುಮ್ಮ' ಎನಿಸಿಕೊಂಡ ಮಗು ಆಟದ ಬಯಲಿನಿಂದ ದೂರವಾಗುತ್ತದೆ. ಹೀಯಾಳಿಕೆಗೆ ಒಳಗಾದ ಮಕ್ಕಳ ತೂಕ ಮುಂದೆ ಇನ್ನೂ ಏರುವುದನ್ನು ಅಧ್ಯಯನಗಳು ತೋರಿಸಿವೆ. ಶಾಲೆಯಲ್ಲಿ ತೂಕ ನೋಡುವಾಗ ಒಬ್ಬೊಬ್ಬರನ್ನೇ ಒಳಗೆ ಕರೆದು ನೋಡಲಿ, ಸಂಖ್ಯೆಯನ್ನು ತರಗತಿಯೆದುರು ಓದದಿರಲಿ, ಹೇಳಬೇಕಾದದ್ದನ್ನು ಅಪ್ಪ-ಅಮ್ಮನಿಗೆ ಮಾತ್ರ ಹೇಳಲಿ.