ಬೀಗ ಜಡಿಯುವ ಮುನ್ನ

ಸಾರಿಗೆ ಉಪ್ಪು ಹೆಚ್ಚಾಯಿತೆಂದು ಎಲೆಯ ಮುಂದೆ ಕೂತವರೊಬ್ಬರು ಗೊಣಗಿದರೆನ್ನಿ. ನಾವೇನು ಮಾಡುತ್ತೇವೆ? ಪಾತ್ರೆಯನ್ನೇ ಬಚ್ಚಲಿಗೆ ಸುರಿಯುತ್ತೇವೆಯೇ? ಇಲ್ಲವಲ್ಲ! ಒಂದು ತೊಟ್ಟು ಅಂಗೈಗೆ ಹಾಕಿಕೊಂಡು ನಾವೂ ರುಚಿ ನೋಡುತ್ತೇವೆ. ಎಲೆಯ ತುದಿಗೆ ಬಡಿಸಿದ ಉಪ್ಪೇ ಸಾರಿಗೆ ಸೇರಿಕೊಂಡಿತೋ ಏನೋ ಅಂತ ವಿಚಾರಿಸುತ್ತೇವೆ. ಆಮೇಲೆ ತೀರ್ಮಾನ.

ಸರ್ಕಾರ ಒಂದು ಅಂಗಡಿಯ, ಹೋಟೆಲಿನ ಅಥವಾ ಮನೆಯಲ್ಲೇ ಉಪ್ಪಿನಕಾಯಿ ಮಾಡಿ ಮಾರುವವರ ಲೈಸೆನ್ಸ್ ರದ್ದು ಮಾಡುವಾಗಲೂ ಇದೇ ನ್ಯಾಯ ನಡೆಯಬೇಕು. ಕಲಬೆರಕೆಗೆ ಕಡಿವಾಣ ಬೇಕು, ನಿಜ. ನಮ್ಮ ಮಕ್ಕಳ ಹೊಟ್ಟೆಗೆ ಹೋಗುವ ಪದಾರ್ಥ ಅದು. ಆದರೆ ತಪ್ಪು ರುಜುವಾತಾಗುವ ಮೊದಲೇ ಬೀಗ ಬಿದ್ದರೆ ಒಂದು ಸಂಸಾರದ ಅನ್ನವೇ ಹೋದೀತು.

ಮ್ಯಾಗಿ ಕಲಿಸಿದ ಪಾಠ

2015ರ ಗಲಾಟೆ ನಿಮಗೆ ನೆನಪಿರಬಹುದು. ಉತ್ತರ ಪ್ರದೇಶದ ಬಾರಾಬಂಕಿಯಲ್ಲಿ ತೆಗೆದ ಮ್ಯಾಗಿ ನೂಡಲ್ಸ್ ಮಾದರಿಯಲ್ಲಿ ಸೀಸದ ಅಂಶ ಮಿತಿಮೀರಿದೆಯೆಂದು ವರದಿ ಬಂತು. ಮಿತಿ ಕಿಲೋಗೆ 2.5 ಮಿಲಿಗ್ರಾಂ, ವರದಿ ಹೇಳಿದ್ದು 17ಕ್ಕೂ ಹೆಚ್ಚು! ತಾಯಂದಿರು ಹೆದರಿದ್ದು ಸಹಜವೇ. ಜೂನ್ 5ರಂದು ಕೇಂದ್ರದ ಆಹಾರ ಸುರಕ್ಷತಾ ಪ್ರಾಧಿಕಾರವು ಮ್ಯಾಗಿಯ 9 ಬಗೆಗಳನ್ನು ಮಾರುಕಟ್ಟೆಯಿಂದ ವಾಪಸು ಪಡೆಯುವಂತೆ ಆಜ್ಞೆ ಮಾಡಿತು.

ಕಂಪನಿ ಬೊಂಬಾಯಿ ಹೈಕೋರ್ಟಿನ ಮೆಟ್ಟಿಲೇರಿತು. ಆಗಸ್ಟ್ 13ರಂದು ಬಂದ ತೀರ್ಪು ಎರಡು ಮುಖ್ಯ ಲೋಪಗಳನ್ನು ಎತ್ತಿ ತೋರಿಸಿತು. ನಿಷೇಧಿಸುವ ಮುನ್ನ ಕಂಪನಿಯ ಮಾತನ್ನು ಕೇಳಿರಲಿಲ್ಲ. ಪರೀಕ್ಷೆ ಮಾಡಿದ ಪ್ರಯೋಗಾಲಯಗಳಿಗೆ ಕಾಯ್ದೆ ಹೇಳುವ ಮಾನ್ಯತೆ ಇರಲಿಲ್ಲ. ಹೀಗಾಗಿ ಆಜ್ಞೆ ಬಿದ್ದುಹೋಯಿತು. ಹಾಗಂತ ನ್ಯಾಯಾಲಯ ಕಂಪನಿಗೆ ‘ನಾಳೆಯಿಂದಲೇ ಮಾರಿಕೊಳ್ಳಿ’ ಎನ್ನಲಿಲ್ಲ. ಪಂಜಾಬ್, ಹೈದರಾಬಾದ್ ಮತ್ತು ಜೈಪುರದ ಮಾನ್ಯತೆ ಪಡೆದ ಮೂರು ಪ್ರಯೋಗಾಲಯಗಳಲ್ಲಿ ಮತ್ತೆ ಪರೀಕ್ಷೆಯಾಗಲಿ ಎಂದಿತು. ಅಲ್ಲಿ ಸೀಸ ಮಿತಿಯೊಳಗೇ ಇರುವುದು ಕಂಡುಬಂತು. ನವೆಂಬರಿನಲ್ಲಿ ಮ್ಯಾಗಿ ಮತ್ತೆ ಅಂಗಡಿಗೆ ಬಂತು. ಅಷ್ಟರಲ್ಲಿ ಸಾವಿರಾರು ಟನ್ ಮಾಲು ನಾಶವಾಗಿತ್ತು.

ದೊಡ್ಡ ಕಂಪನಿ, ಹೇಗೋ ತಡೆದುಕೊಂಡಿತು. ಹಪ್ಪಳ ಒತ್ತಿ ಮಗಳ ಫೀಸು ಕಟ್ಟುವ ಹೆಂಗಸು ಐದು ತಿಂಗಳು ಒಲೆ ಆರಿಸಿ ಕೂರಲಾದೀತೇ?

ಮನೆಯಲ್ಲೇ ಮಾಡಿ ಮಾರುವವರಿಗೆ

2006ರ ಆಹಾರ ಸುರಕ್ಷತೆ ಮತ್ತು ಗುಣಮಟ್ಟ ಕಾಯ್ದೆಯ 32ನೇ ಕಲಮು ಇಂಥವರಿಗೂ ಆಸರೆ. ಲೋಪ ಕಂಡರೆ ಅಧಿಕಾರಿ ಮೊದಲು ಸುಧಾರಣಾ ನೋಟಿಸು ಕೊಡಬೇಕು. ಏನು ತಪ್ಪು, ಹೇಗೆ ಸರಿಪಡಿಸಬೇಕು ಎಂಬುದು ಅದರಲ್ಲಿರಬೇಕು. ಸರಿಪಡಿಸಲು ಕನಿಷ್ಠ 14 ದಿನ ಸಿಗುತ್ತದೆ. ಆಗಲೂ ಸರಿಹೋಗದಿದ್ದರೆ ಲೈಸೆನ್ಸನ್ನು ಅಮಾನತಿನಲ್ಲಿಡಬಹುದು. ರದ್ದು ಮಾಡುವುದು ಕಡೆಯ ಹೆಜ್ಜೆ; ಅದಕ್ಕೂ ಮುನ್ನ ನಿಮ್ಮ ಸಮಜಾಯಿಷಿ ಕೇಳಲೇಬೇಕು. ಜನರ ಆರೋಗ್ಯಕ್ಕೇ ಅಪಾಯವೆಂದು ಕಂಡರೆ ಮಾತ್ರ ಅಧಿಕಾರಿ ತಕ್ಷಣ ಅಮಾನತು ಮಾಡಬಹುದು. ಆಗಲೂ ಕಾರಣವನ್ನು ಬರೆದಿಡಬೇಕು.

ತೀರ್ಮಾನ ಒಪ್ಪಿಗೆಯಾಗದಿದ್ದರೆ ರಾಜ್ಯದ ಆಹಾರ ಸುರಕ್ಷತಾ ಆಯುಕ್ತರಿಗೆ ಅಪೀಲು ಮಾಡಬಹುದು. ಅವಧಿ 15 ದಿನ ಮಾತ್ರ. ‘ಹಬ್ಬ ಮುಗಿಯಲಿ, ಆಮೇಲೆ ನೋಡೋಣ’ ಅಂತ ಕೂತರೆ ಕೈತಪ್ಪಿತು!

ಪುರಾವೆಯ ವಿಷಯದಲ್ಲೂ ಎಚ್ಚರವಿರಲಿ. ಪರೀಕ್ಷೆಗೆಂದು ತೆಗೆದ ಮಾದರಿಯನ್ನು ಸಾಮಾನ್ಯವಾಗಿ 4 ಭಾಗ ಮಾಡುತ್ತಾರೆ. ನೀವು ಕೋರಿದರೆ ಅದರಲ್ಲಿ ಒಂದು ಭಾಗವನ್ನು ಮಾನ್ಯತೆ ಪಡೆದ ಬೇರೊಂದು ಪ್ರಯೋಗಾಲಯಕ್ಕೆ ಕಳಿಸಬೇಕು. ಕೇಳುವುದಕ್ಕೆ ಸಂಕೋಚ ಬೇಡ.

ಇಷ್ಟೆಲ್ಲ ಹಕ್ಕು ಉಪಯೋಗಕ್ಕೆ ಬರಬೇಕಾದರೆ ನಮ್ಮ ಕಡೆಯೂ ಚೊಕ್ಕಟವಾಗಿರಬೇಕು. ನೋಂದಣಿ ಪತ್ರ, ಎಣ್ಣೆ-ಬೇಳೆ ಕೊಂಡ ಚೀಟಿ, ಬಂದ ನೋಟಿಸು, ಕೊಟ್ಟ ಉತ್ತರದ ನಕಲು ಎಲ್ಲವನ್ನೂ ಒಂದು ಫೈಲಿನಲ್ಲಿ ಜೋಡಿಸಿಡಿ. ನೋಟಿಸು ಬಂದ ತಾರೀಖನ್ನು ಅದರ ಮೇಲೇ ಗುರುತು ಹಾಕಿ. ಬಾಯಿಮಾತಿನ ಉತ್ತರ ಬೇಡ. ಬರೆದು ಕೊಟ್ಟು ಸ್ವೀಕೃತಿ ಪಡೆಯಿರಿ.

ಪ್ರತ್ಯಕ್ಷ ಕಂಡರೂ ಪ್ರಮಾಣಿಸಿ ನೋಡು ಎಂದರು ಹಿರಿಯರು. ಅಂಗಡಿಯ ಸಾಮಾನಿನ ಬಗ್ಗೆ ಗಾಳಿಮಾತು ಕೇಳುವ ನಮಗೂ ಆ ಮಾತು ಅನ್ವಯಿಸುತ್ತದೆ. ಆಜ್ಞೆಗೆ ರುಜು ಹಾಕುವ ಅಧಿಕಾರಿಗಂತೂ ಖಂಡಿತ!