ಟಿಕೆಟ್ ಒಂಬತ್ತು, ಲೆಕ್ಕ ಹನ್ನೊಂದು

ಫಹಾಹೀಲಿನ ಬಕಾಲದಲ್ಲಿ ಒಂದು ಲಬಾನ್ ಬಾಟಲಿಯ ಮೇಲೆ 250 ಫಿಲ್ಸ್ ಎಂದು ಬರೆದಿದ್ದರೆ ನಾವು ಕೊಡಬೇಕಾದದ್ದು 250 ಫಿಲ್ಸ್. ಅಲ್ ಕೌಟ್ ಮಾಲ್‌ನಲ್ಲಿ ಮಗುವಿಗೆ ಶೂ ತೆಗೆದರೂ ಅಷ್ಟೆ, ಪಕ್ಕದ ಮೀನು ಮಾರುಕಟ್ಟೆಯಲ್ಲಿ ಜುಬೈದಿ ತೂಗಿಸಿದರೂ ಅಷ್ಟೆ. ಹೇಳಿದ ಬೆಲೆಯೇ ಬಿಲ್ಲು. ಬಂದ ಹೊಸದರಲ್ಲಿ ಇದು ನಮಗೆ ಆಶ್ಚರ್ಯವಾಗಿತ್ತು. ಹತ್ತು ವರ್ಷ ಕಳೆದ ಮೇಲೆ ಅದು ಅಭ್ಯಾಸವಾಗಿಬಿಟ್ಟಿದೆ. ಎಷ್ಟರಮಟ್ಟಿಗೆ ಎಂದರೆ, ಕುವೈತಿನ ಗಡಿ ದಾಟಿದ ಮೇಲೂ ನಮ್ಮ ಲೆಕ್ಕದ ಪುಸ್ತಕದಲ್ಲಿ ‘ತೆರಿಗೆ’ ಎಂಬ ಸಾಲು ಇರುವುದೇ ಇಲ್ಲ.

ಆ ಒಂದು ಸಾಲು ಇಲ್ಲದೆ ಏನಾಯಿತು ಎಂಬುದನ್ನು ಮೊದಲು ಹೇಳಿಬಿಡುತ್ತೇವೆ.

ನಮ್ಮ ಗೆಳೆಯರೊಬ್ಬರು ಕುಂದಾಪುರ ಕಡೆಯವರು. ಇಲ್ಲಿ ಹೆವಿ ಡ್ರೈವರ್. ಮಂಗಾಫ್‌ನಲ್ಲಿ ನಾಲ್ವರ ಜೊತೆ ಒಂದು ಕೋಣೆ. ಹೆಂಡತಿ ಮಕ್ಕಳು ಊರಲ್ಲೇ. ಕುಟುಂಬ ವೀಸಾಕ್ಕೆ 2024ರಲ್ಲಿ ಗೊತ್ತುಮಾಡಿದ 800 ದಿನಾರ್ ಸಂಬಳದ ಮಿತಿ ಅವರಿಗೆ ಮಾತ್ರವಲ್ಲ, ಈ ಸಂಚಿಕೆ ಓದುತ್ತಿರುವ ನಮ್ಮಲ್ಲಿ ಬಹುಪಾಲು ಜನರಿಗೆ ದೂರದ ಬೆಟ್ಟವೇ. ಎರಡು ವರ್ಷಕ್ಕೊಮ್ಮೆ ರಜೆ. ಪ್ರತಿ ಶುಕ್ರವಾರದ ವಿಡಿಯೊ ಕಾಲ್‌ನಲ್ಲಿ ಮಗಳದ್ದು ಒಂದೇ ಮಾತು: ಈ ಸಲ ಬಂದಾಗ ವಾಟರ್ ಪಾರ್ಕಿಗೆ ಹೋಗಬೇಕು. ಅವರೂ ಮಾತು ಕೊಟ್ಟರು. ತಮ್ಮನ ಮಕ್ಕಳನ್ನು ಬಿಟ್ಟು ಹೋಗಲಾದೀತೇ? ಅವರೂ ಸೇರಿದರು. ಅಕ್ಕ ಬಾವ ಬಂದರು. ಒಟ್ಟು ಒಂಬತ್ತು ಜನ, ದೊಡ್ಡವರು ಆರು, ಮಕ್ಕಳು ಮೂರು.

ಇಲ್ಲಿ ಕೋಣೆಯಲ್ಲಿ ಕೂತು ಅವರು ಲೆಕ್ಕ ಹಾಕಿದ್ದನ್ನು ನಾವೇ ನೋಡಿದ್ದೇವೆ. ದೊಡ್ಡವರಿಗೆ ತಲೆಗೆ 1,500ರಂತೆ 9,000 ರೂಪಾಯಿ. ಮಕ್ಕಳಿಗೆ 1,200ರಂತೆ 3,600. ಒಟ್ಟು 12,600. ಊಟ ತಿಂಡಿಗೆ 2,400. ಸರಿಯಾಗಿ 15,000 ರೂಪಾಯಿ ಒಂದು ಕವರಿನಲ್ಲಿ ಹಾಕಿ, ಮೇಲೆ ಮಗಳ ಹೆಸರು ಬರೆದಿಟ್ಟರು. ಟೆಂಪೋ ಟ್ರಾವೆಲರ್ ಬಾಡಿಗೆ ಬೇರೆ. ನಾವೂ ನೋಡಿ ‘ಸರಿಯಾಗಿದೆ ಮಾರಾಯ್ರೆ’ ಎಂದೆವು. ನಮ್ಮಲ್ಲಿ ಒಬ್ಬರು ಅಕೌಂಟ್ಸ್ ವಿಭಾಗದಲ್ಲೇ ಇದ್ದಾರೆ ಎಂಬುದನ್ನು ನಾಚಿಕೆಯಿಂದಲೇ ಹೇಳಬೇಕು.

ಪಾರ್ಕಿನ ಕೌಂಟರಿನಲ್ಲಿ ಬಿಲ್ಲು ಬಂದದ್ದು 14,868 ರೂಪಾಯಿ. ಮೂಲ ಬೆಲೆ 12,600, ಶೇ. 18ರ ಜಿಎಸ್‌ಟಿ 2,268. ಊಟಕ್ಕೆ ಉಳಿದದ್ದು 132 ರೂಪಾಯಿ. ಎಟಿಎಂ ಕಾರ್ಡು ಜೇಬಿನಲ್ಲೇ ಇತ್ತು, ಅದರಲ್ಲಿ ದುಡ್ಡೂ ಇತ್ತು. ಆದರೆ ಅದು ಆ ವಾರ ಕಟ್ಟಬೇಕಾದ ಮನೆ ಸಾಲದ ಕಂತು. ಅವರು ಒಂದು ಕ್ಷಣ ಯೋಚಿಸಿ ಎಂಟೇ ಟಿಕೆಟ್ ತೆಗೆದರು. ತಮ್ಮದೊಂದನ್ನು ಬಿಟ್ಟರು. 1,500 ಮತ್ತು ಅದರ ಮೇಲಿನ 270 ಉಳಿದು, ಊಟಕ್ಕೆ 1,902 ರೂಪಾಯಿ ಆಯಿತು. ಹೆಂಡತಿ ‘ನೀವ್ ಬಪ್ದಿಲ್ಯಾ?’ ಎಂದದ್ದಕ್ಕೆ, ‘ನಂಗೆ ತಲಿ ತಿರ್ಗತ್ತ್, ನೀವ್ ಹೋಯ್ನಿ’ ಎಂದರಂತೆ. ಎರಡು ವರ್ಷ ಕಾದು ಮಗಳ ಜೊತೆ ಕಳೆಯಬೇಕಾಗಿದ್ದ ಆ ದಿನವನ್ನು ಅವರು ಗೇಟಿನ ಹೊರಗೆ, ಟೆಂಪೋ ಡ್ರೈವರಿನ ಜೊತೆ ಮಾತಾಡುತ್ತಾ ಕಳೆದರು. ವಾಪಸ್ ಬಂದ ಮೇಲೆ ಇದನ್ನು ನಗುತ್ತಲೇ ಹೇಳಿದರು. ನಮಗೆ ನಗು ಬರಲಿಲ್ಲ.

ಪಾರ್ಕಿನವರ ತಪ್ಪೇನೂ ಇಲ್ಲ. ದರದ ಕೆಳಗೆ ‘ಜಿಎಸ್‌ಟಿ ಪ್ರತ್ಯೇಕ’ ಎಂದು ಬರೆದೇ ಇತ್ತು. ನಾವು ಕುವೈತಿನ ಕಣ್ಣಿನಿಂದ ಓದಿದ್ದೆವು, ಅಷ್ಟೆ.

ಈ ತೆರಿಗೆಯ ಹಿನ್ನೆಲೆ ಸ್ವಲ್ಪ ತಿಳಿದಿರಲಿ. ಮನರಂಜನೆಯ ಮೇಲೆ ಮೊದಲು ರಾಜ್ಯಗಳ ಮನರಂಜನಾ ತೆರಿಗೆ ಇತ್ತು. 2015ರ ಜೂನ್‌ನಿಂದ ಪಾರ್ಕುಗಳ ಪ್ರವೇಶದ ಮೇಲೆ ಕೇಂದ್ರದ ಸೇವಾ ತೆರಿಗೆಯೂ ಬಂತು. 2017ರ ಜುಲೈ 1ರಂದು ಜಿಎಸ್‌ಟಿ ಜಾರಿಯಾದಾಗ ಥೀಮ್ ಪಾರ್ಕ್, ವಾಟರ್ ಪಾರ್ಕುಗಳನ್ನು ಶೇ. 28ರ ಮೇಲ್ತಟ್ಟಿಗೆ ಸೇರಿಸಿದರು. ಮಕ್ಕಳ ಜಾರುಬಂಡೆ ಮತ್ತು ಶ್ರೀಮಂತರ ಕುದುರೆ ಜೂಜು ಒಂದೇ ಸಾಲಿನಲ್ಲಿ! ಪಾರ್ಕು ನಡೆಸುವವರು ಗಲಾಟೆ ಮಾಡಿದ ಮೇಲೆ 2018ರ ಜನವರಿ 25ರಿಂದ ಅದು ಶೇ. 18ಕ್ಕೆ ಇಳಿಯಿತು. ಮಧ್ಯಮ ವರ್ಗದವರು ವರ್ಷಕ್ಕೊಮ್ಮೆ ಮಕ್ಕಳನ್ನು ಕರೆದುಕೊಂಡು ಹೋಗುವ ಜಾಗಕ್ಕೆ ಹದಿನೆಂಟೂ ಹೆಚ್ಚೇ ಎಂಬುದು ನಮ್ಮ ಅಭಿಪ್ರಾಯ. ಆದರೆ ನಮ್ಮ ಅಭಿಪ್ರಾಯ ಕೇಳಿ ಕೌಂಟರಿನವರು ಬಿಲ್ಲು ಮಾಡುವುದಿಲ್ಲವಲ್ಲ.

ಹಾಗಾಗಿ ಶೇಕಡಾ ಲೆಕ್ಕ ಬಿಟ್ಟು, ತಲೆ ಲೆಕ್ಕ ಹಾಕಿ. ಊರಿನ ಪಾರ್ಕಿಗೆ ಐದು ಜನ ಹೋದರೆ ತೆರಿಗೆಯೇ ಹೆಚ್ಚುಕಡಿಮೆ ಆರನೆಯವನ ಟಿಕೆಟ್. ಒಂಬತ್ತು ಜನ ಹೋದರೆ ಒಂದೂವರೆ ಟಿಕೆಟ್ಟಿಗಿಂತ ಹೆಚ್ಚು. ಕಾಣದ ಒಬ್ಬ ನೆಂಟ ಟೆಂಪೋದಲ್ಲಿ ನಮ್ಮ ಜೊತೆಗೇ ಬಂದಿದ್ದಾನೆ, ಅವನಿಗೂ ಟಿಕೆಟ್ ತೆಗೆಯಬೇಕು ಎಂದುಕೊಂಡರೆ ಲೆಕ್ಕ ತಪ್ಪುವುದಿಲ್ಲ.

ಇನ್ನೊಂದು ಗುಟ್ಟಿದೆ. ತೆರಿಗೆ ಶೇಕಡಾವಾರು ಇರುವುದರಿಂದ, ಮೂಲ ಬೆಲೆ ಇಳಿದರೆ ಅದೂ ಇಳಿಯುತ್ತದೆ. ಟಿಕೆಟ್ ಮೇಲೆ 200 ರೂಪಾಯಿ ರಿಯಾಯಿತಿ ಸಿಕ್ಕಿದರೆ ಉಳಿಯುವುದು 236. ಬಿಡದಿಯ ವಂಡರ್‌ಲಾದಂಥ ದೊಡ್ಡ ಪಾರ್ಕುಗಳಲ್ಲಿ ವಾರದ ದಿನಕ್ಕೂ ರಜಾದಿನಕ್ಕೂ ದರ ಬೇರೆ ಬೇರೆ. ಊರಿಗೆ ಹೋದ ನಮಗೆ ಭಾನುವಾರವೇ ಆಗಬೇಕೆಂದೇನೂ ಇಲ್ಲ. ನಮ್ಮ ರಜೆ ದಿನವೂ ರಜೆಯೇ. ಮಕ್ಕಳ ಶಾಲೆ ನೋಡಿಕೊಂಡು ಮಂಗಳವಾರ, ಬುಧವಾರ ಹೋಗಿ. ಆನ್‌ಲೈನ್‌ನಲ್ಲಿ ಇಲ್ಲಿಂದಲೇ ಟಿಕೆಟ್ ತೆಗೆದರೆ ಕೊನೆಯ ಪುಟದಲ್ಲಿ ತೆರಿಗೆ ಸೇರಿದ ಪೂರ್ತಿ ಮೊತ್ತ ಕಾಣುತ್ತದೆ. ಬುಕ್ ಮಾಡದಿದ್ದರೂ ಚಿಂತೆಯಿಲ್ಲ, ಆ ಕೊನೆಯ ಪುಟದ ತನಕ ಹೋಗಿ ಅಂಕಿಯನ್ನು ಬರೆದುಕೊಳ್ಳಿ. ಮಕ್ಕಳ ಟಿಕೆಟ್ ಬಹಳ ಕಡೆ ವಯಸ್ಸಿನ ಮೇಲಲ್ಲ, ಎತ್ತರದ ಮೇಲೆ. ಎರಡು ವರ್ಷದ ಹಿಂದಿನ ಎತ್ತರವನ್ನು ನಂಬಬೇಡಿ. ನಾವು ಫೋನಿನಲ್ಲಿ ನೋಡುವುದು ಮುಖ ಮಾತ್ರ, ಕಾಲು ಎಷ್ಟು ಉದ್ದವಾಗಿದೆ ಎಂಬುದು ಗೊತ್ತಾಗುವುದಿಲ್ಲ.

ಊಟದ ಬಿಲ್ಲಿಗೆ ಸಾಮಾನ್ಯ ಹೋಟೆಲುಗಳಲ್ಲಿ ಶೇ. 5. ಅದರ ಜೊತೆ ‘ಸರ್ವಿಸ್ ಚಾರ್ಜ್’ ಎಂದು ಸೇರಿಸಿದ್ದರೆ ಅದು ತೆರಿಗೆಯಲ್ಲ. ತಾನಾಗಿಯೇ ಬಿಲ್ಲಿಗೆ ಸೇರಿಸಬಾರದೆಂದು ಗ್ರಾಹಕ ಪ್ರಾಧಿಕಾರವೇ 2022ರಲ್ಲಿ ಹೇಳಿದೆ, ತೆಗೆಯಿರಿ ಎಂದು ಕೇಳಬಹುದು. ರಾತ್ರಿ ಉಳಿಯುವುದಾದರೆ ಒಂದು ಒಳ್ಳೆಯ ಸುದ್ದಿ: ದಿನಕ್ಕೆ 7,500 ರೂಪಾಯಿಯವರೆಗಿನ ಕೋಣೆಯ ಮೇಲೆ ಶೇ. 12 ಇದ್ದ ಜಿಎಸ್‌ಟಿ 2025ರ ಸೆಪ್ಟೆಂಬರ್ 22ರಿಂದ ಶೇ. 5 ಆಗಿದೆ.

ಕುಟುಂಬ ಇಲ್ಲೇ ಇರುವವರ ಕಥೆ ಬೇರೆ. ಫಹಾಹೀಲಿನಲ್ಲಿ ಮಕ್ಕಳನ್ನು ಸಂಜೆ ಕಡಲ ದಂಡೆಗೆ ಕರೆದುಕೊಂಡು ಹೋಗಬಹುದು, ಕೌಟ್‌ನ ಸಂಗೀತ ಕಾರಂಜಿ ತೋರಿಸಬಹುದು, ಎರಡೂ ಪುಕ್ಕಟೆ. ಹಿರಿಯ ಕನ್ನಡಿಗರು ಈಗಲೂ ದೋಹಾದ ಎಂಟರ್‌ಟೇನ್‌ಮೆಂಟ್ ಸಿಟಿಯನ್ನು ನೆನೆಯುತ್ತಾರೆ. ಇದು ಕತಾರಿನ ದೋಹಾ ಅಲ್ಲ, ನಮ್ಮ ಕುವೈತ್ ನಗರದ ಪಶ್ಚಿಮಕ್ಕಿರುವ ದೋಹಾ. 1984ರಲ್ಲಿ ತೆರೆದ ಆ ಉದ್ಯಾನದಲ್ಲಿ ಅರಬ್ ಲೋಕ, ಅಂತರರಾಷ್ಟ್ರೀಯ ಲೋಕ, ಭವಿಷ್ಯದ ಲೋಕ ಎಂದು ಮೂರು ಭಾಗ. 2016ರಲ್ಲಿ ಅದು ಮುಚ್ಚಿತು. ಆಮೇಲೆ ಚಳಿಗಾಲದ ವಂಡರ್‌ಲ್ಯಾಂಡ್ ಬಂದರೂ, ದೊಡ್ಡ ಥೀಮ್ ಪಾರ್ಕ್ ಎಂದರೆ ಮಕ್ಕಳು ಬೆರಳು ತೋರಿಸುವುದು ದುಬೈ, ಅಬುಧಾಬಿಯ ಕಡೆಗೇ.

ಗಲ್ಫ್ ಎಂದರೆ ತೆರಿಗೆ ಇಲ್ಲ ಎಂಬ ಮಾತು ಹಳೆಯದಾಯಿತು. ಕೊಲ್ಲಿಯ ಆರೂ ದೇಶಗಳು ವ್ಯಾಟ್‌ಗೆಂದು 2016ರಲ್ಲಿ ಒಂದು ಸಾಮಾನ್ಯ ಒಪ್ಪಂದ ಮಾಡಿಕೊಂಡವು. ಎಮಿರೇಟ್ಸ್ ಮತ್ತು ಸೌದಿ 2018ರ ಜನವರಿ 1ರಿಂದ ಶೇ. 5 ಹಾಕಿದವು. ಸೌದಿ 2020ರ ಜುಲೈನಲ್ಲಿ ಅದನ್ನು 15ಕ್ಕೆ ಏರಿಸಿತು. ಬಹ್ರೈನ್ 2019ರಲ್ಲಿ ಐದರಿಂದ ಶುರುಮಾಡಿ 2022ರಿಂದ 10 ಮಾಡಿದೆ. ಒಮಾನ್ 2021ರ ಏಪ್ರಿಲ್‌ನಲ್ಲಿ ಸೇರಿತು. ಕುವೈತ್ ಮತ್ತು ಕತಾರ್ ಮಾತ್ರ ಇನ್ನೂ ಹಾಕಿಲ್ಲ. ಫಹಾಹೀಲಿನಿಂದ ನುವೈಸೀಬ್ ಗಡಿ ದಾಟಿ, ಖಫ್ಜಿ, ದಮ್ಮಾಮ್ ಮೇಲಾಗಿ ಕಾರಿನಲ್ಲಿ ಬಹ್ರೈನಿನ ದಿಲ್ಮುನ್ ವಾಟರ್ ಪಾರ್ಕಿಗೆ ಹೋಗುವ ಕುಟುಂಬ ಒಂದೇ ದಿನದಲ್ಲಿ ಮೂರು ಲೆಕ್ಕ ನೋಡುತ್ತದೆ: ಮನೆಯಲ್ಲಿ ಸೊನ್ನೆ, ದಾರಿಯ ಊಟಕ್ಕೆ ಹದಿನೈದು, ಇಳಿದ ಮೇಲೆ ಹತ್ತು.

ನಮ್ಮ ಕಟ್ಟಡದ ಮೂರು ಕುಟುಂಬ ಈದ್ ರಜೆಗೆ ದುಬೈಗೆ ಹೋಗಿದ್ದೆವು. ತಿಂಗಳಿಗಿಷ್ಟು ಎಂದು ಚೀಟಿ ಹಾಕಿ ಕೂಡಿಸಿದ ದುಡ್ಡು. ಪಾರ್ಕಿನ ಗೇಟಿನಲ್ಲಿ ಒಂದು ದಿರ್ಹಂ ಸಹ ಹೆಚ್ಚಾಗಲಿಲ್ಲ. ಏಕೆಂದರೆ ಅಲ್ಲಿನ ಕಾನೂನಿನ ಪ್ರಕಾರ ಪ್ರಕಟಿಸುವ ಬೆಲೆಯಲ್ಲಿ ವ್ಯಾಟ್ ಸೇರಿರಬೇಕು. ಪೆಟ್ಟು ಬಿದ್ದದ್ದು ಹೋಟೆಲಿನಲ್ಲಿ. ಒಂದು ಬುಕಿಂಗ್ ಆ್ಯಪ್‌ನಲ್ಲಿ ದೊಡ್ಡ ಅಕ್ಷರದಲ್ಲಿ 300 ದಿರ್ಹಂ ಎಂದಿತ್ತು. ‘ತೆರಿಗೆ ಮತ್ತು ಶುಲ್ಕ ಪ್ರತ್ಯೇಕ’ ಎಂಬುದು ಇರುವೆ ಗಾತ್ರದಲ್ಲಿ. ದುಬೈ ಹೋಟೆಲುಗಳಲ್ಲಿ ಕೋಣೆಯ ಬೆಲೆಯ ಮೇಲೆ ಸಾಮಾನ್ಯವಾಗಿ ಶೇ. 10 ಸೇವಾ ಶುಲ್ಕ, 7 ಪುರಸಭೆಯ ಶುಲ್ಕ, 5 ವ್ಯಾಟ್. ಅದರ ಮೇಲೆ ಹೋಟೆಲಿನ ದರ್ಜೆ ನೋಡಿ ಪ್ರತಿ ರಾತ್ರಿ ಕೋಣೆಗೆ 7ರಿಂದ 20 ದಿರ್ಹಂ ‘ಟೂರಿಸಂ ದಿರ್ಹಂ’. ಮೂರು ರಾತ್ರಿಗೆ 900 ಅಂದುಕೊಂಡದ್ದು 1,128 ಆಯಿತು. ದಿನಾರಿಗೆ 12 ದಿರ್ಹಂ ಎಂದು ಹಿಡಿದರೆ 19 ದಿನಾರ್ ಹೆಚ್ಚು, ಒಂದು ಕೋಣೆಗೆ. ಮಕ್ಕಳಿಗೆ ಎರಡನೇ ಪಾರ್ಕ್ ತೋರಿಸಲು ಇಟ್ಟಿದ್ದ ದುಡ್ಡು ಹೋಟೆಲಿನ ಮೇಜಿನ ಮೇಲೇ ಹೋಯಿತು. ಮೂರು ಮನೆಯ ಹೆಂಗಸರೂ ಅವತ್ತು ಗಂಡಸರನ್ನು ನೋಡಿದ ನೋಟವನ್ನು ಇಲ್ಲಿ ವಿವರಿಸುವುದಿಲ್ಲ.

ಏರ್‌ಪೋರ್ಟಿನಲ್ಲಿ ವ್ಯಾಟ್ ವಾಪಸ್ ಸಿಗುತ್ತದಲ್ಲ ಎಂದು ಕೆಲವರು ಸಮಾಧಾನ ಹೇಳುತ್ತಾರೆ. ಎಮಿರೇಟ್ಸ್‌ನಲ್ಲಿ ಪ್ರವಾಸಿಗಳಿಗೆ 2018ರ ನವೆಂಬರ್‌ನಿಂದ ಆ ವ್ಯವಸ್ಥೆ ಇರುವುದು ನಿಜ. ಆದರೆ ಅದು ಪೆಟ್ಟಿಗೆಯಲ್ಲಿ ಹಾಕಿಕೊಂಡು ದೇಶದ ಹೊರಗೆ ಒಯ್ಯುವ ಸಾಮಾನಿಗೆ ಮಾತ್ರ. ಮಲಗಿದ ಕೋಣೆ, ತಿಂದ ಊಟ, ಕೂತ ರೋಲರ್ ಕೋಸ್ಟರ್ ಇವುಗಳ ತೆರಿಗೆ ಅಲ್ಲೇ ಮುಗಿಯಿತು. ಕಾರ್ಡ್ ಉಜ್ಜುವಾಗ ಯಂತ್ರ ‘ದಿನಾರಿನಲ್ಲಿ ಕೊಡುತ್ತೀರಾ, ದಿರ್ಹಂನಲ್ಲಿ ಕೊಡುತ್ತೀರಾ’ ಎಂದು ಕೇಳಿದರೆ ದಿರ್ಹಂ ಎನ್ನಿ. ದಿನಾರ್ ಎಂದರೆ ವಿನಿಮಯ ದರ ಅವರದ್ದಾಗುತ್ತದೆ.

ಅಣ್ಣತಮ್ಮಂದಿರು ಅಮೆರಿಕದಲ್ಲಿರುವವರಿಗೂ ಒಂದು ಮಾತು. ಅಲ್ಲಿ ಅಂಗಡಿಯ ಬೆಲೆಚೀಟಿಯಲ್ಲೂ ತೆರಿಗೆ ಸೇರಿರುವುದಿಲ್ಲ, ಮತ್ತು ಊರಿನಿಂದ ಊರಿಗೆ ದರ ಬೇರೆ. ಫ್ಲಾರಿಡಾದ ಒರ್ಲಾಂಡೊದಲ್ಲಿ ಡಿಸ್ನಿ ಟಿಕೆಟ್ಟಿನ ಮೇಲೆ ಶೇ. 6.5 ಮಾರಾಟ ತೆರಿಗೆ, ಹೋಟೆಲ್ ಕೋಣೆಗೆ ಒಟ್ಟು 12.5. ಕ್ಯಾಲಿಫೋರ್ನಿಯಾದ ಡಿಸ್ನಿಲ್ಯಾಂಡ್ ಟಿಕೆಟ್ಟಿಗೆ ಮಾರಾಟ ತೆರಿಗೆಯೇ ಇಲ್ಲ.

ಇಷ್ಟೆಲ್ಲ ಆದ ಮೇಲೆ ನಾವು ಮಾಡಿಕೊಂಡ ಬದಲಾವಣೆ ಚಿಕ್ಕದು. ಪ್ರವಾಸದ ಲೆಕ್ಕ ಬರೆಯುವಾಗ ಮೊದಲ ಸಾಲಿನಲ್ಲೇ ತೆರಿಗೆ ಬರೆಯುತ್ತೇವೆ, ಆಮೇಲೆ ಜನರ ಹೆಸರು. ಕೊನೆಗೆ ಬರೆದರೆ ಅದು ಊಟದ ದುಡ್ಡನ್ನು ತಿನ್ನುತ್ತದೆ, ಇಲ್ಲವೇ ಮನೆಯ ಯಜಮಾನನನ್ನು ಗೇಟಿನ ಹೊರಗೆ ಕೂರಿಸುತ್ತದೆ. ಮೊದಲೇ ಬರೆದರೆ, ದುಡ್ಡು ಸಾಲದು ಎಂಬುದು ಇಲ್ಲೇ, ಇನ್ನೂ ಆರು ತಿಂಗಳ ಸಂಬಳ ಬಾಕಿ ಇರುವಾಗಲೇ ಗೊತ್ತಾಗುತ್ತದೆ.

ಕುಂದಾಪುರದ ಗೆಳೆಯರು ಮುಂದಿನ ಡಿಸೆಂಬರಿನಲ್ಲಿ ಮತ್ತೆ ಊರಿಗೆ ಹೊರಟಿದ್ದಾರೆ. ಈ ಸಲದ ಕವರಿನ ಮೇಲೂ ಮಗಳ ಹೆಸರೇ ಇದೆ. ಹೋಗುವವರು ಒಂಬತ್ತೇ ಜನ, ಆದರೆ ದುಡ್ಡು ಕೂಡಿಡುತ್ತಿರುವುದು ಹನ್ನೊಂದು ಟಿಕೆಟ್ಟಿಗೆ. ಊಟದ ಕವರು ಬೇರೆ. ಮೊನ್ನೆ ಶುಕ್ರವಾರ ಹೆಂಡತಿ ಒಂದು ಫೋಟೊ ಕಳಿಸಿದ್ದರು, ಅವರು ನಮಗೂ ತೋರಿಸಿದರು: ಬಾಗಿಲ ಚೌಕಟ್ಟಿಗೆ ಬೆನ್ನು ಕೊಟ್ಟು ನಿಂತ ಮಗಳು, ತಲೆಯ ಮೇಲೆ ಸ್ಕೇಲು, ಪಕ್ಕದಲ್ಲಿ ಪೆನ್ಸಿಲ್ ಗೆರೆ. ಮಕ್ಕಳ ಟಿಕೆಟ್ಟಿನ ಎತ್ತರವನ್ನು ಎರಡು ಬೆರಳು ದಾಟಿದ್ದಾಳೆ. ಅವರು ಪುಸ್ತಕ ತೆಗೆದು ಒಂದು ಅಂಕಿ ಹೊಡೆದು ಹಾಕಿ, ಮೇಲೆ ಇನ್ನೊಂದು ಬರೆದುಕೊಂಡರು.